ಸೊಂಟ ಸೋತ ನಾಯಿಯ ಆರೈಕೆ

ಈಸೂರಿನ ಭಕ್ತರೊಬ್ಬರು, ಹಿಂಗಾಲುಗಳನ್ನು ಎಳೆದು ನಡೆಯತೊಡಗಿದ ತಮ್ಮ ಮುದಿ ನಾಯಿಗೆ ತಮ್ಮದೇ ಮಂಡಿನೋವಿನ ಮಾತ್ರೆ ಕೊಡಬಹುದೇ ಎಂದು ಕೇಳಿದರು. ಖಂಡಿತ ಕೂಡದು. ಡೈಕ್ಲೋಫೆನಾಕ್, ಐಬುಪ್ರೊಫೆನ್‌ಗಳು ನಾಯಿಯ ಜಠರದಲ್ಲಿ ಹುಣ್ಣೆಬ್ಬಿಸಿ ಮೂತ್ರಪಿಂಡಗಳನ್ನು ಕೆಡಿಸಬಲ್ಲವು. ನಮ್ಮ ತೈಲಗಳನ್ನು ಹಚ್ಚಿದರೆ ಅದು ನೆಕ್ಕಿಬಿಡುತ್ತದೆ. ನಾನು ಕಲಿತದ್ದು ಮನುಷ್ಯರ ಚಿಕಿತ್ಸೆ; ಶಿವಮೊಗ್ಗದ ಪಶುವೈದ್ಯಕೀಯ ಕಾಲೇಜಿಗೆ ಒಯ್ಯಿರೆಂದೆ.

ಬೆನ್ನೆಲುಬಿನ ನಡುವಣ ಬಿಲ್ಲೆ ಜಾರಿದರೆ ನೋವು ತೀವ್ರ. ಬೆನ್ನುಹುರಿಯೇ ಕ್ರಮೇಣ ಕ್ಷಯಿಸುವ ರೋಗದಲ್ಲಿ ನೋವು ಅಷ್ಟಿಲ್ಲ, ಬಲವೇ ಉಡುಗುತ್ತದೆ. ಈ ಭೇದವನ್ನು ಪಶುವೈದ್ಯರೇ ನಿರ್ಣಯಿಸಬೇಕು.

ಮನೆಯಲ್ಲಿ ನುಣುಪು ನೆಲಕ್ಕೆ ಗೋಣಿಚೀಲ ಹಾಸಿರಿ. ದಪ್ಪ ಹಾಸಿಗೆಯಲ್ಲಿ ಮಲಗಿಸಿ, ಕೆಲವು ಗಂಟೆಗೊಮ್ಮೆ ಮಗ್ಗುಲು ಬದಲಿಸಿರಿ, ಇಲ್ಲವಾದರೆ ಒತ್ತುಹುಣ್ಣಾಗುತ್ತದೆ. ಹೊಟ್ಟೆಯಡಿ ಟವೆಲ್ ಕೊಟ್ಟು, ಸೊಂಟವನ್ನು ಎತ್ತಿ ಹಿಡಿದು ನಡೆಸಿರಿ. ಮೂತ್ರ ಕಟ್ಟಿದರೆ ಅಂದೇ ಪಶುವೈದ್ಯರಲ್ಲಿಗೆ ಹೋಗಬೇಕು.

ಆ ನಾಯಿ ಈಗ ಜಗಲಿಯ ಮೇಲಿದೆ. ಬಾಲ ಆಡದು, ಕರೆದರೆ ಕಿವಿ ನಿಮಿರುತ್ತದೆ.