ಎತ್ತಿನ ಅಂಜಿಕೆ ತಿಳಿದರೆ ಅರ್ಧ ಔಷಧಿ

ನಮ್ಮದು ಪೋತ್ನಾಳ ಹತ್ತಿರದ ಖುಷ್ಕಿ ಹೊಲ. ತೊಗರಿ, ಜೋಳ, ಕಡಲೆ ಬೆಳೆಯುತ್ತೇವೆ. ಎತ್ತು ಇದ್ದರೆ ಒಕ್ಕಲುತನ. ಕೆಲ ವರ್ಷದ ಕೆಳಗೆ ನನ್ನ ಕೈಯಿಂದಲೇ ಒಂದು ಒಳ್ಳೆ ಎತ್ತು ಹಾಳಾಯಿತು. ಬೇರೆಯವರಿಗೆ ಹಾಗಾಗಬಾರದೆಂದು ಇದನ್ನು ಬರೆದಿದ್ದೇನೆ.

ಎತ್ತಿಗೆ ಹೊಟ್ಟೆ ಉಬ್ಬಿತ್ತು. ಡಾಕ್ಟರು ಬಂದರು. ನಾವು ಐದು ಮಂದಿ ಸೇರಿ, ಒಬ್ಬ ಬಾಲ ತಿರುವಿ, ಒಬ್ಬ ಮೂಗುದಾರ ಜಗ್ಗಿ, ಉಳಿದವರು "ಹಿಡೀಲೇ, ಬಿಡಬ್ಯಾಡ" ಅಂತ ಒದರಾಡಿದೆವು. ಎತ್ತು ಬೆದರಿ ಹಗ್ಗ ಹರಕೊಂಡು ಓಡಿತು. ಒಡ್ಡಿನ ಕಲ್ಲಿನಾಗ ಬಿದ್ದು ಮುಂಗಾಲು ಮುರಕೊಂಡಿತು. ಹೊಟ್ಟೆ ಉಬ್ಬರ ಮರುದಿನ ಇಳಿಯಿತು, ಕಾಲು ಮಾತ್ರ ಕೂಡಲಿಲ್ಲ. ಆ ಸಲ ಹಿಂಗಾರಿ ಬಿತ್ತಲು ಬಾಡಿಗೆ ಎತ್ತು ಹುಡುಕಿದೆ. ಎತ್ತನ್ನು ಕೆಡವಿದ್ದು ನಮ್ಮ ಗದ್ದಲ.

ಡಾಕ್ಟರು ಆಮೇಲೆ ತಿಳಿಸಿ ಹೇಳಿದರು. ದನದ ಕಣ್ಣು ತಲೆಯ ಎರಡೂ ಮಗ್ಗಲಿಗೆ ಇವೆ. ಸುತ್ತಮುತ್ತ ಬಹುಪಾಲು ಕಾಣುತ್ತದೆ, ನೆಟ್ಟಗೆ ಬೆನ್ನ ಹಿಂದೆ ಕಾಣುವುದಿಲ್ಲ. ಹಿಂದಿನಿಂದ ಹೋದರೆ ಒದೆಯುತ್ತದೆ. ಭುಜದ ಕಡೆಯಿಂದ, ಮಾತಾಡಿಸುತ್ತ ಹೋಗಬೇಕು. ಅಮೆರಿಕದ ಟೆಂಪಲ್ ಗ್ರಾಂಡಿನ್ ಎಂಬ ವಿಜ್ಞಾನಿ ದನ ಯಾವುದಕ್ಕೆ ಅಂಜುತ್ತವೆ ಎಂದು ನೋಡಿಯೇ ದನ ಹಾಯಿಸುವ ದಾರಿಗಳ ಕಟ್ಟಣಿ ಬದಲಿಸಿದರು. ನೆಲದ ಮೇಲಿನ ನೆರಳು, ತೂಗಾಡುವ ಸರಪಳಿ, ಮಂದಿಯ ಒದರಾಟ, ಇಷ್ಟೇ ಸಾಕಂತೆ ದನ ಬೆದರಲು.

ಬೆದರಿ ಎಗರಾಡಿದ ದನದ ಎದೆಬಡಿತ, ಮೈಬಿಸಿ ಎರಡೂ ಏರುತ್ತವೆ. ಸಹಜ ಮೈಬಿಸಿ ಸುಮಾರು 101.5 ಡಿಗ್ರಿ ಫ್ಯಾರನ್‌ಹೀಟ್. ಗದ್ದಲದಾಗ ನೋಡಿದರೆ ಇಲ್ಲದ ಜ್ವರ ಕಾಣುತ್ತದೆ.

ಈಗ ನಾನು ಮೇವು ಹಾಕುವಾಗ ದಿನಾ ಎತ್ತಿನ ಕಿವಿ, ಬಾಯಿ, ಗೊರಸು ಮುಟ್ಟಿ ರೂಢಿ ಮಾಡಿದ್ದೇನೆ. ಡಾಕ್ಟರು ಬಂದ ದಿನ ಸುಮ್ಮನೆ ನಿಲ್ಲುತ್ತದೆ. 1962ಕ್ಕೆ ಫೋನ್ ಮಾಡುವಾಗ "ತಿನ್ನವಲ್ದು" ಅಂದರೆ ಸಾಲದು. ಮೆಲುಕು ಯಾವಾಗ ನಿಂತಿತು, ಹಲ್ಲು ಕಡಿಯುತ್ತದೋ, ಹೊಟ್ಟೆಗೆ ಒದ್ದುಕೊಳ್ಳುತ್ತದೋ, ಎಡ ಮಗ್ಗಲು ಉಬ್ಬಿದೆಯೋ ಹೇಳಿರಿ.

ನಾಯಿಗೂ ಇದೇ ಮಾತು. ಹೋದ ವರ್ಷ ಹೊಲದ ಬೇಲಿ ತಂತಿಗೆ ಒಂದು ನಾಯಿಯ ಕಾಲು ಸಿಕ್ಕಿತ್ತು. ಹುಡುಗರು ಬಡಿಗೆ ಹಿಡಿದು ಸುತ್ತಗಟ್ಟಿದ್ದರು. ನಾಯಿ ಬಾಲ ಮುದುರಿ, ತುಟಿ ನೆಕ್ಕುತ್ತ, ಗುರುಗುಡುತ್ತಿತ್ತು. ಇವು ಅಂಜಿಕೆಯ ಗುರುತು. ಹುಡುಗರನ್ನು ದೂರ ಕಳಿಸಿದೆ. ಕಣ್ಣಲ್ಲಿ ಕಣ್ಣಿಟ್ಟು ನೋಡದೆ, ಮಗ್ಗಲಾಗಿ ಕುಂತೆ. ಅದು ತಣ್ಣಗಾದ ಮೇಲೆ ತಲೆಗೆ ಗೋಣಿಚೀಲ ಹೊದಿಸಿ ತಂತಿ ಕತ್ತರಿಸಿದೆ. ಚೀಲ ತೆಗೆದ ಕೂಡಲೆ ಕುಂಟುತ್ತ ಓಡಿತು, ತಿರುಗಿ ಸಹ ನೋಡಲಿಲ್ಲ. ನೋವಿನಲ್ಲಿ ಸಾಕಿದ ನಾಯಿಯೂ ಕಚ್ಚುತ್ತದೆ, ಬರಿಗೈ ಹಾಕಬೇಡಿ.

ಇನ್ನೊಂದು ಮುಖ್ಯ ಎಚ್ಚರಿಕೆ. ದವಡೆ ಜೋತು ಜೊಲ್ಲು ಸುರಿಸುವ ನಾಯಿ, ದನ ಕಂಡರೆ "ಗಂಟಲಿಗೆ ಏನೋ ಸಿಕ್ಕೈತಿ" ಅಂತ ಬಾಯೊಳಗೆ ಕೈ ಹಾಕುತ್ತೇವೆ. ಹುಚ್ಚು ರೋಗದಲ್ಲೂ ಹಾಗೇ ಕಾಣುತ್ತದೆ. ಕೈ ಹಾಕದೆ ಡಾಕ್ಟರನ್ನು ಕರೆಯಿರಿ. ನಾಯಿ ಕಚ್ಚಿದರೆ, ಜೊಲ್ಲು ಗಾಯಕ್ಕೆ ತಾಗಿದರೆ, ಹರಿಯುವ ನೀರಲ್ಲಿ ಸೋಪು ಹಚ್ಚಿ 15 ನಿಮಿಷ ತೊಳೆದು ಅಂದೇ ಸರಕಾರಿ ದವಾಖಾನೆಗೆ ಹೋಗಿ ಸೂಜಿ ಹಾಕಿಸಿಕೊಳ್ಳಿ. ಹುಚ್ಚು ರೋಗ ಎದ್ದ ಮೇಲೆ ಮದ್ದಿಲ್ಲ.

ಮೂಕ ಪ್ರಾಣಿ ಅನ್ನುತ್ತೇವೆ. ಕಿವಿ, ಬಾಲ, ಕಣ್ಣಿನಿಂದ ಅವು ದಿನಾ ಹೇಳುತ್ತಲೇ ಇರುತ್ತವೆ. ನಾನು ಕೇಳಲು ಕಲಿಯುವುದರೊಳಗೆ ಒಂದು ಎತ್ತು ಹೋಯಿತು.