ಆಯ್ಕೆಯ ಪಟ್ಟಿಯೂ ನ್ಯಾಯಪೀಠವೂ

ಕ್ರೀಡಾಪಟುವನ್ನು ಆರಿಸುವ ಕಾರ್ಯವು ಆ ಆಟದ ಮರ್ಮವನ್ನು ಬಲ್ಲವರದು. ಮಲ್ಲನ ಮೈಬಲವನ್ನಾಗಲಿ ಓಟಗಾರ್ತಿಯ ದಮ್ಮನ್ನಾಗಲಿ ಅಳೆಯುವ ಸಾಧನವು ನ್ಯಾಯಾಧೀಶನ ಕೈಯಲ್ಲಿಲ್ಲ. ಹೀಗಿದ್ದರೂ ದೊಡ್ಡ ಕ್ರೀಡಾಕೂಟವೊಂದು ಸಮೀಪಿಸಿತೆಂದರೆ, ಪಟ್ಟಿಯಲ್ಲಿ ತಮ್ಮ ಹೆಸರನ್ನು ಕಾಣದ ಒಬ್ಬಿಬ್ಬರಾದರೂ ವಕೀಲರ ಮನೆಯ ಮೆಟ್ಟಿಲು ಹತ್ತುವುದು ಈಚೆಗೆ ವಾಡಿಕೆಯೇ ಆಗಿದೆ. ಕ್ರೀಡಾ ಒಕ್ಕೂಟಗಳು ಸರ್ಕಾರದ ಇಲಾಖೆಗಳಲ್ಲವೆಂಬುದು ನಿಜ. ಆದರೆ ದೇಶದ ಹೆಸರಿನಲ್ಲಿ ತಂಡವನ್ನು ಕಳುಹಿಸುವ ಏಕಸ್ವಾಮ್ಯವನ್ನು ಹೊಂದಿ ಸಾರ್ವಜನಿಕ ಕರ್ತವ್ಯವನ್ನು ನಿರ್ವಹಿಸುವ ಸಂಸ್ಥೆಯು ಖಾಸಗಿ ಸಂಘವೆಂಬ ನೆವದಿಂದ ಪ್ರಶ್ನಾತೀತವಾಗಲಾರದೆಂದೂ, ಸಂವಿಧಾನದ 226ನೆಯ ಅನುಚ್ಛೇದದ ಮೇರೆಗೆ ಅದರ ಮೇಲೆ ಉಚ್ಚ ನ್ಯಾಯಾಲಯದಲ್ಲಿ ರಿಟ್ ಅರ್ಜಿ ಹೂಡಬಹುದೆಂದೂ, ಕ್ರಿಕೆಟ್ ಮಂಡಳಿಗೆ ಸಂಬಂಧಪಟ್ಟ 2005ರ ಜೀ ಟೆಲಿಫಿಲ್ಮ್ಸ್ ಮೊಕದ್ದಮೆಯಲ್ಲಿ ಸರ್ವೋಚ್ಚ ನ್ಯಾಯಾಲಯವು ತಿಳಿಯಪಡಿಸಿತು.

ಅರ್ಜಿ ಹೂಡಬಹುದೆಂದ ಮಾತ್ರಕ್ಕೆ ಪರಿಹಾರ ದೊರಕೀತೆಂದು ಭಾವಿಸಕೂಡದು. ಬೀಜಿಂಗ್‌ನಲ್ಲಿ ಕಂಚನ್ನೂ ಲಂಡನ್ನಿನಲ್ಲಿ ಬೆಳ್ಳಿಯನ್ನೂ ಗೆದ್ದ ಸುಶೀಲ್ ಕುಮಾರರು, ತಮ್ಮ 66 ಕೆ.ಜಿ. ವಿಭಾಗವನ್ನೇ ಒಲಿಂಪಿಕ್ ಕುಸ್ತಿಯಿಂದ ತೆಗೆದುಹಾಕಿದ್ದರಿಂದ 74 ಕೆ.ಜಿ.ಗೆ ಏರಿ, 2014ರ ಗ್ಲಾಸ್ಗೋ ಕಾಮನ್‌ವೆಲ್ತ್ ಕ್ರೀಡೆಗಳಲ್ಲಿ ಚಿನ್ನವನ್ನೂ ಪಡೆದರು. ಮರುವರ್ಷ ಗಾಯದ ದೆಸೆಯಿಂದ ಅವರು ಕಣಕ್ಕಿಳಿಯದಿದ್ದಾಗ, ಲಾಸ್ ವೇಗಾಸ್‌ನ ವಿಶ್ವ ಚಾಂಪಿಯನ್‌ಷಿಪ್‌ನಲ್ಲಿ ಕಂಚು ಗೆದ್ದು ರಿಯೋ ಒಲಿಂಪಿಕ್ಸ್‌ಗೆ ಭಾರತದ ಸ್ಥಾನವನ್ನು ಸಂಪಾದಿಸಿದವರು ನರಸಿಂಗ್ ಯಾದವ್. ಸ್ಥಾನವು ದೇಶದ್ದೇ ಹೊರತು ವ್ಯಕ್ತಿಯದಲ್ಲ, ಆದಕಾರಣ ಇಬ್ಬರನ್ನೂ ಅಖಾಡಕ್ಕೆ ಇಳಿಸಿ ಗೆದ್ದವನನ್ನು ಕಳುಹಿಸಿರಿ ಎಂಬುದು ಸುಶೀಲರ ವಾದ. ಗರಡಿಯಲ್ಲಿ ಮಣ್ಣು ಮುಟ್ಟಿದವರಿಗೆ ಇದಕ್ಕಿಂತ ನ್ಯಾಯವಾದ ಮಾತು ಇನ್ನೊಂದು ತೋರಲಾರದು. ಆದರೂ 2016ರ ಜೂನ್ 6ರಂದು ದೆಹಲಿ ಉಚ್ಚ ನ್ಯಾಯಾಲಯದ ನ್ಯಾಯಮೂರ್ತಿ ಮನಮೋಹನ್ ಅವರು ಅರ್ಜಿಯನ್ನು ವಜಾ ಮಾಡಿದರು. ಇಬ್ಬರಲ್ಲಿ ಬಲಿಷ್ಠನಾರೆಂಬುದು ನ್ಯಾಯಪೀಠದ ಪ್ರಶ್ನೆಯೇ ಅಲ್ಲ. ಒಕ್ಕೂಟವು ತನ್ನ ವಿವೇಚನಾಧಿಕಾರವನ್ನು ಸ್ವೇಚ್ಛೆಯಿಂದಲೋ ದುರುದ್ದೇಶದಿಂದಲೋ ಬಳಸಿತೇ ಎಂಬುದಷ್ಟೇ ಪ್ರಶ್ನೆ. ಕಟ್ಟಕಡೆಯ ಗಳಿಗೆಯ ಆಯ್ಕೆ ಪಂದ್ಯದಿಂದ ದೇಶದ ಪದಕದ ಆಸೆಗೇ ಧಕ್ಕೆಯಾದೀತೆಂಬ ಆತಂಕವೂ ಆ ತೀರ್ಪಿನಲ್ಲಿತ್ತು. ಅನಂತರ ನಡೆದದ್ದು ವಿಧಿಯ ವಿನೋದವೆನ್ನಬೇಕು: ಉದ್ದೀಪನ ಮದ್ದಿನ ಪ್ರಕರಣದಲ್ಲಿ ಅಂತಾರಾಷ್ಟ್ರೀಯ ಕ್ರೀಡಾ ಪಂಚಾಯತಿ ನ್ಯಾಯಾಲಯವು ನರಸಿಂಗರನ್ನು ರಿಯೋದಲ್ಲಿಯೇ ನಾಲ್ಕು ವರ್ಷ ನಿಷೇಧಿಸಿದ ಕಾರಣ, ಆ ತೂಕದಲ್ಲಿ ಭಾರತದ ಪೈಲ್ವಾನನೊಬ್ಬನೂ ಸೆಣಸಲಿಲ್ಲ.

ಸುಶೀಲರಿಗೆ ದೊರಕದ ಆ ಒಂದು ಕುಸ್ತಿಯು 2000ದಲ್ಲಿ ಅಮೆರಿಕದ ಮ್ಯಾಟ್ ಲಿಂಡ್‌ಲ್ಯಾಂಡ್‌ಗೆ ದೊರಕಿತ್ತು. ಕಾಲನ್ನು ಬಳಸಕೂಡದೆಂಬ ಕಟ್ಟಳೆಯುಳ್ಳ ಗ್ರೀಕೋ-ರೋಮನ್ ಕುಸ್ತಿಯ ಆಯ್ಕೆ ಪಂದ್ಯದಲ್ಲಿ, ಎದುರಾಳಿ ಕೀತ್ ಸಿರಾಕಿ ಕಾಲು ಹಾಕಿಯೇ ತನ್ನನ್ನು 2-1ರಿಂದ ಸೋಲಿಸಿದನೆಂದು ಆತ ದೂರಿದ. ಪಂಚರು ಪುನಃ ಕುಸ್ತಿ ಹಿಡಿಸಿದರು. ಲಿಂಡ್‌ಲ್ಯಾಂಡ್ 8-0ರಿಂದ ಗೆದ್ದ. ಒಕ್ಕೂಟವಾದರೋ ಸಿರಾಕಿಯ ಹೆಸರನ್ನೇ ಹಿಡಿದು ಕುಳಿತಿತು. ಕಡೆಗೆ ಮೇಲ್ಮನವಿ ನ್ಯಾಯಾಲಯದ ನ್ಯಾಯಾಧೀಶ ಫ್ರಾಂಕ್ ಈಸ್ಟರ್‌ಬ್ರೂಕ್, ಪಂಚರ ತೀರ್ಪನ್ನು ಪಾಲಿಸದೆ ಗತ್ಯಂತರವಿಲ್ಲವೆಂದು ಒಕ್ಕೂಟಕ್ಕೆ ಖಂಡಿತವಾಗಿ ಹೇಳಿದ ಮೇಲೆ ಲಿಂಡ್‌ಲ್ಯಾಂಡ್ ಸಿಡ್ನಿಗೆ ಹೋಗಿ ಬೆಳ್ಳಿಯನ್ನು ಗೆದ್ದ. ಅಲ್ಲಿಯೂ ನ್ಯಾಯಾಲಯವು ಜಟ್ಟಿಗಳ ಯೋಗ್ಯತೆಯನ್ನು ತೂಗಲಿಲ್ಲ; ಒಪ್ಪಿಕೊಂಡ ನಿಯಮವನ್ನು ನಡೆಸಿರೆಂದಿತು, ಅಷ್ಟೆ.

ಇಂಥ ವ್ಯಾಜ್ಯಗಳಲ್ಲಿ ಪ್ರತಿವಾದಿಗಿಂತಲೂ ಕಾಲವೇ ಬಲವತ್ತರವಾದ ಶತ್ರು. ಇದನ್ನು ಮುಂಗಂಡೋ ಏನೋ, ಕೂಟಕ್ಕೆ ಮುಂಚಿನ 21 ದಿನಗಳಲ್ಲಿ ವಿವಾದವು ಸಕಾಲಕ್ಕೆ ಬಗೆಹರಿಯದೆಂದು ಒಲಿಂಪಿಕ್ ಸಮಿತಿಯು ಪ್ರಮಾಣಪೂರ್ವಕವಾಗಿ ತಿಳಿಸಿದಲ್ಲಿ, ನ್ಯಾಯಾಲಯವು ಆಜ್ಞೆ ಹೊರಡಿಸಕೂಡದೆಂದು ಅಮೆರಿಕದ 1998ರ ಶಾಸನವು ವಿಧಿಸಿದೆ. ನಮ್ಮಲ್ಲಿ ಅಂಥ ಗೆರೆಯಿಲ್ಲದ ಕಾಲದಲ್ಲಿ ಕೇರಳದ ಪಿ.ಯು. ಚಿತ್ರಾ ಅವರಿಗೆ ಒದಗಿದ್ದು ಗೆದ್ದೂ ಸೋತ ಸ್ಥಿತಿ. 2017ರ ಜುಲೈ ತಿಂಗಳಿನಲ್ಲಿ ಭುವನೇಶ್ವರದ ಏಷ್ಯನ್ ಕೂಟದಲ್ಲಿ 1500 ಮೀಟರ್ ಓಟದ ಚಿನ್ನ ಗೆದ್ದಿದ್ದರೂ ಅವರನ್ನು ಲಂಡನ್ನಿನ ವಿಶ್ವ ಚಾಂಪಿಯನ್‌ಷಿಪ್‌ನ ತಂಡಕ್ಕೆ ಸೇರಿಸಿಕೊಳ್ಳಲಿಲ್ಲ. ಅವರನ್ನು ಓಡಿಸಲು ತಕ್ಕ ಏರ್ಪಾಡು ಮಾಡಬೇಕೆಂದು ಕೇರಳ ಉಚ್ಚ ನ್ಯಾಯಾಲಯವು ಜುಲೈ 28ರಂದು ಮಧ್ಯಂತರ ಆದೇಶವನ್ನೇನೋ ಕೊಟ್ಟಿತು. ಹೆಸರು ಕಳುಹಿಸುವ ಗಡುವು 24ಕ್ಕೇ ಮುಗಿದಿದ್ದರಿಂದ ಅಂತಾರಾಷ್ಟ್ರೀಯ ಒಕ್ಕೂಟವು ಒಪ್ಪಲಿಲ್ಲ, ಆ ಒಕ್ಕೂಟಕ್ಕಾದರೋ ನಮ್ಮ ನ್ಯಾಯಾಲಯದ ಆಜ್ಞೆಯು ತಾಗುವಂತಿರಲಿಲ್ಲ. ಗಡುವಿನ ಅಂಚಿಗೆ ಬಂದು ಪಟ್ಟಿಯನ್ನು ಹೊರಡಿಸುವ ಸಂಸ್ಥೆಯು, ತಾನು ತಪ್ಪು ಮಾಡಿರಲಿ ಬಿಡಲಿ, ತಿದ್ದುವ ದಾರಿಯನ್ನಂತೂ ಮುಚ್ಚಿಬಿಡುತ್ತದೆ. ನನ್ನ ದೃಷ್ಟಿಯಲ್ಲಿ ಆಕ್ಷೇಪಾರ್ಹವಾದದ್ದು ಆ ವಿಳಂಬವೇ. ಎರಡು ವರ್ಷಗಳ ತರುವಾಯ ದೋಹಾದಲ್ಲಿ ಏಷ್ಯನ್ ಚಿನ್ನವನ್ನು ಪುನಃ ಗೆದ್ದ ಚಿತ್ರಾ, ಅದೇ ವರ್ಷ ಅದೇ ನಗರದಲ್ಲಿ ನಡೆದ ವಿಶ್ವ ಚಾಂಪಿಯನ್‌ಷಿಪ್‌ನಲ್ಲಿ ಓಡಿದರು.