ಲಡಾಯಿ ನಾಯಿಯ ಹೆಸರು, ಕುರಿಹಟ್ಟಿಯ ಕೆಲಸ

ಎರಡು ಟಗರು ಮಾರಿ ಒಂದು ಮುಧೋಳ ಮರಿ ತರಬೇಕೆನ್ನುವ ಹುಡುಗರು ನಮ್ಮ ಶಹಾಪುರ, ಸುರಪುರ ಕಡೆ ಈಗ ಇದ್ದಾರೆ. ಮಾರುವವರ ಮಾತು ಒಂದೇ: "ಇದು ಸಾದಾ ನಾಯಿ ಅಲ್ರೀ, ಲಡಾಯಿ ನಾಯಿ. ರಾಜರ ದಂಡಿನ್ಯಾಗ ಇತ್ತು." ಹಾಗಂದ ಕೂಡಲೇ ರೇಟು ಏರುತ್ತದೆ. ನನ್ನದು ಆರೆಕರೆ ತೊಗರಿ, ಹತ್ತಿ. ಜೊತೆಗೆ ಮೂವತ್ತು ಕುರಿ. ನಾಯಿ ಇಲ್ಲದಿದ್ದರೆ ರಾತ್ರಿ ನಿದ್ದೆ ಇಲ್ಲ. ಅದಕ್ಕೇ ಈ ಲಡಾಯಿ ಮಾತನ್ನು ಸ್ವಲ್ಪ ಕೆದಕಿ ನೋಡಿದೆ.

ದಂಡಿನ ಜೊತೆ ನಾಯಿ ಹೋಗುತ್ತಿದ್ದದ್ದು ಖರೆ. ಕ್ರಿ.ಪೂ. 480ರಲ್ಲಿ ಪರ್ಷಿಯದ ದೊರೆ ಗ್ರೀಸಿನ ಮೇಲೆ ಏರಿಹೋದಾಗ ಲೆಕ್ಕವಿಲ್ಲದಷ್ಟು ಹಿಂದೂಸ್ತಾನದ ನಾಯಿಗಳು ಹಿಂದೆ ಇದ್ದವೆಂದು ಗ್ರೀಕರ ಹೆರೊಡೊಟಸ್ ಬರೆದಿದ್ದಾನೆ. ಅವನೇ ಇನ್ನೊಂದು ಸಂಗತಿ ಹೇಳುತ್ತಾನೆ. ಬ್ಯಾಬಿಲೋನಿನ ಪರ್ಷಿಯನ್ ಅಧಿಕಾರಿಯೊಬ್ಬ ಇಂಥ ನಾಯಿಗಳನ್ನು ಸಾಕಿದ್ದ. ಅವುಗಳ ಹೊಟ್ಟೆ ತುಂಬಿಸುವುದು ನಾಲ್ಕು ದೊಡ್ಡ ಹಳ್ಳಿಗಳ ಪಾಲಿಗೆ. ಆ ಹಳ್ಳಿಗಳಿಗೆ ಬೇರೆ ಕಂದಾಯವೇ ಇಲ್ಲ! ನಾಲ್ಕೂರಿನ ರೈತರು ದುಡಿದದ್ದು ನಾಯಿ ಬಾಯಿಗೆ. ಲಡಾಯಿ ನಾಯಿಯ ಖರ್ಚು ಅಂದರೆ ಅದು.

ಆದರೆ ಆಳನ್ನು ಕೆಡವುವ ನಾಯಿಗೆ ಮೈಭಾರ ಬೇಕು. ಇರಾಕಿನ ನಿನೆವೆಯ ಅರಮನೆಯಲ್ಲಿ ಕ್ರಿ.ಪೂ. 7ನೇ ಶತಮಾನದಲ್ಲಿ ಕಲ್ಲಿನ ಮೇಲೆ ಕೆತ್ತಿದ ನಾಯಿಗಳಿವೆ. ದಪ್ಪ ಕತ್ತು, ಭಾರೀ ದವಡೆ. ನಮ್ಮ ಮುಧೋಳ ನೋಡಿ: ಉದ್ದ ಮೂತಿ, ಒಳಸೇರಿದ ಹೊಟ್ಟೆ, ಬಿಲ್ಲಿನಂಥ ಬೆನ್ನು. ಕಣ್ಣಿನಿಂದ ಕಂಡು, ಓಡಿ ಹಿಡಿಯುವ ಜಾತಿ ಇದು. ಅರಬರ ಸಲೂಕಿ, ಅಫ್ಘಾನರ ತಾಜಿ ಇದರ ಹೋಲಿಕೆಯವು. ಮುಧೋಳದ ಘೋರ್ಪಡೆ ರಾಜರು ಇದನ್ನು ಮುತುವರ್ಜಿಯಿಂದ ಬೆಳೆಸಿದ್ದೂ ಬೇಟೆಗಾಗಿಯೇ. ಸೈನ್ಯದವರು ಮುಧೋಳ ಮರಿಗಳನ್ನು ಮೀರತ್ ಕೇಂದ್ರಕ್ಕೆ ತರಬೇತಿಗೆ ಒಯ್ದದ್ದು 2016ರಲ್ಲಿ. 2020ರಲ್ಲಿ ಪ್ರಧಾನಿ ರೇಡಿಯೋದಲ್ಲಿ ಹೆಸರು ಹೇಳಿದ ಮೇಲಂತೂ ಕೇಳುವವರು ಹೆಚ್ಚಾದರು.

ಸುರಪುರದ ಹೆಸರನ್ನೂ ಮಾರುವವರು ಸುಮ್ಮನೆ ಬಿಡುವುದಿಲ್ಲ. 1705ರಲ್ಲಿ ಔರಂಗಜೇಬ ತಾನೇ ಬಂದು ವಾಗಿನಗೇರಿ ಕೋಟೆಗೆ ಮುತ್ತಿಗೆ ಹಾಕಿದ್ದ. ಅಲ್ಲಿ ಕಾದಿದವರು ಬೇಡರ ಬಂದೂಕಿನವರು. ಆ ಮರ್ಯಾದೆಯನ್ನು ಮರಿಯ ಕೊರಳಿಗೆ ಕಟ್ಟುವುದು ಬರೀ ವ್ಯಾಪಾರ.

ಕನ್ನಡನಾಡಿನಲ್ಲಿ ನಾಯಿಗೆ ಕಲ್ಲು ನಿಲ್ಲಿಸಿದ್ದೂ ಉಂಟು. ಮದ್ದೂರು ತಾಲೂಕಿನ ಆತಕೂರಿನ ಹತ್ತನೇ ಶತಮಾನದ ಶಾಸನ ಅದು. ಈಗ ಬೆಂಗಳೂರಿನ ಸರ್ಕಾರಿ ಮ್ಯೂಜಿಯಂನಲ್ಲಿದೆ. ತಕ್ಕೋಲದ ಯುದ್ಧದಲ್ಲಿ ಕಾದಿದ ಮಣಲೆರನೆಂಬ ವೀರ, ಒಡೆಯ ಮೆಚ್ಚಿದಾಗ ಕೇಳಿ ಪಡೆದದ್ದು ಕಾಳಿ ಎಂಬ ನಾಯಿಯನ್ನು. ಆ ಕಾಳಿ ಸತ್ತದ್ದು ಯುದ್ಧದಲ್ಲಲ್ಲ, ದೊಡ್ಡ ಕಾಡುಹಂದಿಯ ಜೊತೆ ಹೋರಾಡಿ. ಹಂದಿಯೂ ಸತ್ತಿತು. ಕಲ್ಲಿಗೆ ಪೂಜೆ ನಡೆಯಲಿ ಎಂದು ಭೂಮಿ ಬಿಟ್ಟರು.

ಇದನ್ನು ಹೇಳಿದರೆ ನಮ್ಮ ಹುಡುಗರು, "ಹಂಗಾದ್ರ ಶೇಂಗಾದ ಹೊಲಕ್ಕ ಬರೋ ಹಂದಿ ಮ್ಯಾಲ ಮುಧೋಳ ಬಿಡೋಣೇನ್ ಕಾಕಾ?" ಅನ್ನುತ್ತಾರೆ. ಬಿಡಬ್ಯಾಡ್ರಪ್ಪಾ. 1972ರ ವನ್ಯಜೀವಿ ಕಾಯ್ದೆಯಲ್ಲಿ ಕೊಲ್ಲುವುದಷ್ಟೇ ಬೇಟೆಯಲ್ಲ, ಬೆನ್ನಟ್ಟಿ ಓಡಿಸುವುದೂ ಬೇಟೆಯೇ. ಚಿಗರಿ, ತೋಳಗಳಿಗಂತೂ ಅತಿ ಬಿಗಿ ರಕ್ಷಣೆ. ನಾಯಿ ಬಿಟ್ಟವನ ಮೇಲೆ ಕೇಸು. ಇನ್ನು ಹಂದಿಯ ಕೋರೆಗೆ ತೆಳು ಚರ್ಮದ ಈ ನಾಯಿಯ ಹೊಟ್ಟೆ ಸಿಕ್ಕರೆ ಹೊಲಿಗೆ ಹಾಕಿಸುವ ಖರ್ಚು ಬೇರೆ.

ಕುರಿಗಾರನಿಗೆ ಬೇಕಾದದ್ದು ಓಡುವ ನಾಯಿಯಲ್ಲ, ಹಟ್ಟಿ ಬಿಟ್ಟು ಹೋಗದ ನಾಯಿ. ಮೊಲ ಕಂಡ ಕೂಡಲೇ ಮುಧೋಳ ಮೈಲು ದೂರ ಹೋಗಿರುತ್ತದೆ; ತೋಳ ಬರುವುದು ಆಗಲೇ. ನಮ್ಮ ಹಿರಿಯರು ಕುರಿ ಕಾಯುವ ಊರನಾಯಿಯ ಮರಿಯನ್ನೇ ಆರಿಸಿ, ಕಣ್ಣು ಬಿಟ್ಟು ಹಾಲು ಬಿಡುವ ಹೊತ್ತಿಗೆ ಕುರಿಮರಿಗಳ ನಡುವೆ ಬಿಡುತ್ತಿದ್ದರು. ಅದಕ್ಕೆ ಕುರಿಯೇ ಬಳಗ. ಎರಡು ಸಾವಿರ ವರ್ಷದ ಹಿಂದೆ ರೋಮಿನ ಬೇಸಾಯದ ಬರಹಗಾರ ಕೊಲುಮೆಲ್ಲ ಕೂಡ ಇಂಥದೇ ಕೆಲಸದ ಲೆಕ್ಕ ಹಾಕಿದ್ದ. ಮನೆ ಕಾಯುವ ನಾಯಿ ಕಪ್ಪಗಿರಲಿ, ಕತ್ತಲಲ್ಲಿ ಕಳ್ಳನಿಗೆ ಕಾಣದು. ಕುರಿಕಾಯುವುದು ಬೆಳ್ಳಗಿರಲಿ, ಮಬ್ಬಿನಲ್ಲಿ ತೋಳವೆಂದು ತಿಳಿದು ಅದಕ್ಕೇ ಹೊಡೆಯಬಾರದು. ಅವನಿಗಿಂತ ಮೊದಲಿನ ವಾರೋ, ತೋಳ ಕಚ್ಚದಂತೆ ಕೊರಳಿಗೆ ಮೊಳೆಯ ಪಟ್ಟಿ ಕಟ್ಟಿ, ಒಳಗೆ ಮೆತ್ತನೆ ಚರ್ಮ ಹೊಲಿಯಿರಿ ಎಂದಿದ್ದಾನೆ. ನಮ್ಮ ಚಮ್ಮಾರರು ಇದನ್ನು ಒಂದು ಹೊತ್ತಿನಲ್ಲಿ ಮಾಡಿಕೊಡುತ್ತಾರೆ.

ಯಾವ ಜಾತಿಯಾದರೂ ಕುರಿಯ ಜೊತೆ ಇಡುವವರು ಇದೊಂದು ಮರೆಯಬೇಡಿ. ಕುರಿ ಕಡಿದಾಗ ತಲೆ, ಮಿದುಳು ಹಸಿಯಾಗಿ ನಾಯಿಗೆ ಎಸೆಯಬಾರದು. ಅದರಲ್ಲಿರುವ ಗುಳ್ಳೆ ನಾಯಿಯ ಹೊಟ್ಟೆಯಲ್ಲಿ ಲಾಡಿಹುಳ ಆಗುತ್ತದೆ. ಅದರ ಮೊಟ್ಟೆ ನಾಯಿಯ ಹೇಲಿನಿಂದ ಹುಲ್ಲಿಗೆ, ಹುಲ್ಲಿನಿಂದ ಕುರಿಗೆ, ಅಲ್ಲಿಂದ ಕುರಿಯ ಮಿದುಳಿಗೆ. ಕುರಿ ತಲೆ ವಾಲಿಸಿ ಒಂದೇ ಕಡೆ ಗರಗರ ತಿರುಗಿ ಸಾಯುತ್ತದೆ. ಇದನ್ನು ಮಾಟ ಎಂದವರನ್ನೂ ನಾನು ಕಂಡಿದ್ದೇನೆ. ಮೂರು ತಿಂಗಳಿಗೊಮ್ಮೆ ಪಶುವೈದ್ಯರಿಂದ ಪ್ರಾಜಿಕ್ವಾಂಟೆಲ್ ಇರುವ ಜಂತಿನ ಗುಳಿಗೆ ಕೇಳಿ ನಾಯಿಗೆ ಹಾಕಿ. ಮರಿಗೆ ಮೂರು ತಿಂಗಳಾದಾಗ ಹುಚ್ಚುನಾಯಿ ರೋಗದ ಲಸಿಕೆ, ಆಮೇಲೆ ವರ್ಷಕ್ಕೊಮ್ಮೆ.

ಮುಧೋಳವೇ ಬೇಕೆನ್ನುವವರು ದಲ್ಲಾಳಿ ಬಿಟ್ಟು ಮುಧೋಳ ತಾಲೂಕಿನ ತಿಮ್ಮಾಪುರದ ಶ್ವಾನ ಸಂಶೋಧನಾ ಕೇಂದ್ರದಲ್ಲಿ ವಿಚಾರಿಸಿ. ಅದು ಬೀದರಿನ ಪಶು ವಿಶ್ವವಿದ್ಯಾಲಯದ್ದು. ಮೊದಲು ಓಡಲು ಬೇಲಿ ಹಾಕಿದ ಜಾಗ ಇದೆಯೇ ನೋಡಿಕೊಳ್ಳಿ. ಸರಪಳಿಗೆ ಕಟ್ಟಿದ ಮುಧೋಳ ಕೆಡುತ್ತದೆ. ನಿಮ್ಮ ಹಟ್ಟಿನಾಯಿ ತೋಳವನ್ನು ಹೇಗೆ ತಡೆಯುತ್ತದೆ, ಬರೆದು ತಿಳಿಸಿ.